ದೊಡ್ಡ ಕೊಪ್ಪರಿಗೆಯ ತಳದಲ್ಲಿ

ಊರಿನ ಪಾತ್ರೆಗಳೆಲ್ಲ ನಮ್ಮ ಮನೆಯ ಅಂಗಳಕ್ಕೆ ಬಂದು ಬೋರಲು ಬೀಳುತ್ತಿದ್ದವು. ಹೆಬ್ಬೂರಿನಲ್ಲಿ ಬಸ್ಸಿಳಿದು ಅರ್ಧ ಗಂಟೆ ನಡೆದರೆ ಸಿಗುವ ಸೊಂಡೆಪಾಳ್ಯ ನಮ್ಮೂರು. ಇದ್ದದ್ದೇ ಅರವತ್ತೋ ಎಪ್ಪತ್ತೋ ಮನೆ. ಅದರಲ್ಲಿ ಸಾಬರ ಮನೆ ಮೂರು. ಆ ಮೂರರಲ್ಲಿ ಕಲಾಯಿ ಹಾಕುವ ಮನೆ ನಮ್ಮದೊಂದೇ. ಹಬ್ಬ ಹತ್ತಿರವಾದರೆ ಸಾಕು, ಮೇಲಿನ ಬೀದಿಯ ಗೌಡರ ಹಿತ್ತಾಳೆ ಹಂಡೆ, ಐನೋರ ಮನೆಯ ಚರಿಗೆ, ಕೇರಿಯ ಮನೆಗಳ ಒಂದೊಂದೇ ತಪ್ಪಲೆ, ಎಲ್ಲವೂ ಒಂದರ ಕುಂಡಿಗೆ ಒಂದು ತಾಗಿಸಿಕೊಂಡು ನಮ್ಮ ಬೇವಿನ ಮರದ ಕೆಳಗೆ ಕೂರುತ್ತಿದ್ದವು. ಅವುಗಳ ಯಜಮಾನರು ಹಾಗೆ ಒಟ್ಟಿಗೆ ಕೂತದ್ದನ್ನು ನಾನು ಕಂಡಿಲ್ಲ. ನಾನು ಅಕ್ಷರ ಕಲಿತದ್ದು ಶಾಲೆಯಲ್ಲಿ ಎಂದು ಸರ್ಟಿಫಿಕೇಟು ಹೇಳುತ್ತದೆ, ಆದರೆ ನಿಜವಾಗಿ ಓದಲು ಕಲಿತದ್ದು ಆ ಪಾತ್ರೆಗಳ ಕಂಠದ ಮೇಲೆ ಚುಕ್ಕಿಚುಕ್ಕಿಯಾಗಿ ಕೊರೆಸಿದ್ದ ಹೆಸರುಗಳನ್ನು ಬೆರಳಾಡಿಸಿ. ಯಾರ ಮನೆಗೆ ಯಾರು ಸೊಸೆಯಾಗಿ ಬಂದರು, ಯಾವ ಮಾವ ಯಾವ ತಪ್ಪಲೆ ಕೊಟ್ಟ, ಯಾವ ಹೆಸರನ್ನು ಆಮೇಲೆ ಉಳಿಯಿಂದ ಗೀಚಿ ಅಳಿಸಿದ್ದಾರೆ, ಇವೆಲ್ಲ ಐದನೇ ಕ್ಲಾಸಿನ ಹೊತ್ತಿಗೆ ನನಗೆ ಗೊತ್ತಿತ್ತು. ಪಾಠ ಒಂದೂ ಗೊತ್ತಿರಲಿಲ್ಲ.

ನಮ್ಮದು ಒಂದೇ ಕೋಣೆಯ ಮನೆ. ಹಿಂದೆ ಅಡುಗೆಗೆ ಒಂದು ಇಳಿಜಾರು ಸೂರು. ಮನೆಯ ಮುಖ್ಯ ಕೋಣೆಯೆಂದರೆ ಅಂಗಳವೇ. ಮಧ್ಯದಲ್ಲಿ ಇದ್ದಿಲಿನ ಗುಂಡಿ, ಅದಕ್ಕೆ ಗಾಳಿ ಊದುವ ಚರ್ಮದ ತಿದಿ, ತಿದಿಯ ಹಿಂದೆ ನನ್ನ ದಾದಿ, ಅಂದರೆ ಅಬ್ಬಾನ ತಾಯಿ. ಅಬ್ಬಾ ಇಕ್ಕಳದಲ್ಲಿ ಪಾತ್ರೆ ಹಿಡಿದು ಕಾಯಿಸಿ, ನವಸಾಗರದ ಪುಡಿ ಉದುರಿಸಿದರೆ ಬುಸ್ಸೆಂದು ಬಿಳಿ ಹೊಗೆ ಏಳುತ್ತಿತ್ತು. ಆ ಹೊಗೆಯಲ್ಲೇ ತವರದ ಕಡ್ಡಿ ತಾಗಿಸಿ ಹತ್ತಿಯಲ್ಲಿ ಒಂದು ಸುತ್ತು ಒರೆಸಿದರೆ ಕಪ್ಪು ಪಾತ್ರೆಯೊಳಗೆ ಚಂದ್ರ ಹುಟ್ಟುತ್ತಿದ್ದ. ಅದಕ್ಕೂ ಮೊದಲಿನ ಕೆಲಸ ನನ್ನದು. ದೊಡ್ಡ ಪಾತ್ರೆಯಾದರೆ ಅದರೊಳಗೆ ಮರಳು, ಹುಣಸೆಹಣ್ಣು, ಹಳೇ ಗೋಣಿ ಹಾಕಿ ನನ್ನನ್ನು ಇಳಿಸುತ್ತಿದ್ದರು. ಬೇವಿನ ಕೊಂಬೆ ಹಿಡಿದುಕೊಂಡು, ಬರಿಗಾಲಲ್ಲಿ, ಸೊಂಟ ತಿರುಗಿಸುತ್ತಾ ಪಾತ್ರೆಯ ಒಳಮೈ ತಿಕ್ಕಬೇಕು. ಊರಿನ ಅಷ್ಟೂ ಜಾತಿಯ ಅನ್ನದ ಪಾತ್ರೆಯಲ್ಲಿ ನಾನು ನಿಂತು ಕುಣಿದಿದ್ದೇನೆ. ಯಾರೂ ಬೇಡ ಅನ್ನಲಿಲ್ಲ. ಬೆಂಕಿಗೆ ಹೋಗಿ ಬಂದಮೇಲೆ ಯಾರ ಕಾಲೂ ಉಳಿಯುವುದಿಲ್ಲ ಎಂಬುದು ಊರಿನ ಲೆಕ್ಕ.

ಕಲಾಯಿ ಹಾಕುವ ಮನೆಯ ಪಾತ್ರೆಗೇ ಕಲಾಯಿ ಇರಲಿಲ್ಲ ಎಂದರೆ ನೀವು ನಗಬಹುದು. ನಮ್ಮ ಸೊಪ್ಪಿನ ಸಾರು ಕಿಲುಬಿನ ವಾಸನೆ ಹೊಡೆಯುತ್ತಿತ್ತು. ಅಮ್ಮಿಗೆ ಸ್ಟೀಲು ಪಾತ್ರೆ ಬೇಕು. ಮೊಪೆಡ್ಡಿನ ಮೇಲೆ ಪಳಪಳ ಹೊಳೆಸಿಕೊಂಡು ಬರುವ ಸ್ಟೀಲಿನವನು ಕೂಗಿದಾಗಲೆಲ್ಲ ಅವಳು ಬಾಗಿಲಿಗೆ ಬರುವಳು, ದಾದಿ ಅವಳಿಗಿಂತ ಮೊದಲೇ ಬಂದು ಅಡ್ಡ ನಿಲ್ಲುವಳು. ಮನೆಯೊಳಗೆ ನಾವಾಡುವ ಮಾತು ಬೇರೆ, ಉರ್ದುವಿನ ಬಡ ನೆಂಟ. ಆದರೆ ದಾದಿ ಬೈಯುವಾಗ ಮಾತ್ರ ಕನ್ನಡಕ್ಕೆ ಬರುತ್ತಿದ್ದಳು, ಅದರಲ್ಲಿ ಸಾಮಾನು ಜಾಸ್ತಿ ಇದೆ ಎಂದು.

“ಸ್ಟೀಲ್ ತತ್ತಾಳಂತೆ ಸ್ಟೀಲು! ಕಟುಕರ ಮನೇಲಿ ಕುರಿಗ್ ಪೂಜೆ ಮಾಡ್ದಂಗೆ. ನಿನ್ ಗಂಡನ್ ಹೊಟ್ಟೆ ಮೇಲೆ ನೀನೇ ಕಲ್ ಹಾಕ್ತೀಯೇನೇ?”

“ಅತ್ತೆ, ಊರೆಲ್ಲಾ ತಗೊಂಡಾಯ್ತು. ನಾವು ತಗೊಂಡಿಲ್ಲ ಅಂತ ಯಾರೂ ಕಲಾಯಿಗೆ ಕ್ಯೂ ನಿಂತಿಲ್ಲ.”

ಅಮ್ಮಿ ಹೇಳಿದ್ದು ನಿಜ. ಮರದ ಕೆಳಗಿನ ಪಾತ್ರೆಗಳು ವರ್ಷ ವರ್ಷ ಕಡಿಮೆಯಾಗುತ್ತಿದ್ದವು. ಆದರೆ ಒಂದು ಪಾತ್ರೆ ಮಾತ್ರ ತಪ್ಪುತ್ತಿರಲಿಲ್ಲ. ಅದು ಊರೊಟ್ಟಿನ ದೊಡ್ಡ ಕೊಪ್ಪರಿಗೆ. ತಾಮ್ರದ್ದು, ಇಬ್ಬರು ಗಂಡಸರು ಬಿದಿರು ತೂರಿಸಿ ಹೊರಬೇಕು, ನಾನು ಒಳಗೆ ಕೂತರೆ ಹೊರಗಿನವರಿಗೆ ಕಾಣುತ್ತಿರಲಿಲ್ಲ. ಯಾರ ಮನೆ ಮದುವೆಯಾದರೂ ಸಾರು ಅದರಲ್ಲೇ ಬೇಯಬೇಕು. ಉಳಿದ ದಿನ ಚಾವಡಿಯ ಅಟ್ಟದಲ್ಲಿ ಹಲ್ಲಿಗಳಿಗೆ ಮನೆಯಾಗಿರುತ್ತಿತ್ತು. ಅದು ಬಂದಾಗಲೆಲ್ಲ ದಾದಿ ತಿದಿ ಬಿಟ್ಟು ಎದ್ದು, ಅದರ ಮೈಯನ್ನು ಎಮ್ಮೆಯ ಬೆನ್ನು ತಟ್ಟುವಂತೆ ತಟ್ಟಿ, ಅದೇ ಮಾತು ಹೇಳುವಳು.

“ಇದ್ರ ತಳದಲ್ಲಿ ನಮ್ಮೋರ್ದು ಗುರುತೈತೆ. ನನ್ ಅತ್ತೆ ಹೇಳಿದ್ದು. ಇದು ಇರೋಗಂಟ ನಮ್ಮನ್ನ ಯಾರೂ ಹೊರಗ್ಲೋರು ಅನ್ನಂಗಿಲ್ಲ.”

ದಾದಿ ಆ ಗುರುತನ್ನು ನೋಡಿದ್ದಳೇ? ಇಲ್ಲ. ಅಬ್ಬಾ? ಇಲ್ಲ. ತಳದ ಮೇಲೆ ಬೆರಳು ದಪ್ಪ ಮಸಿ. ಒಲೆಗೆ ತಾಗುವ ಕಡೆಯನ್ನು ಯಾರೂ ತಿಕ್ಕುವುದಿಲ್ಲ, ಕಪ್ಪಿದ್ದರೇ ಬೇಗ ಕಾಯುವುದು. ಹೀಗಾಗಿ ನಮ್ಮ ಮನೆತನದ ದಾಖಲೆ ಮಸಿಯೊಳಗೆ ಭದ್ರವಾಗಿತ್ತು. ಅದು ಅಲ್ಲೇ ಇದ್ದಿದ್ದರೆ ಎಲ್ಲರಿಗೂ ಒಳ್ಳೆಯದಿತ್ತು.

ನಾನು ಐದನೇ ಕ್ಲಾಸಿನಲ್ಲಿದ್ದ ವರ್ಷ ನಮ್ಮ ಶಾಲೆಗೆ ತುಮಕೂರಿನಿಂದ ಹೊಸ ಟೀಚರ್ ಬಂದರು. ಊರಿನ ಪರಂಪರೆ ಎಂದು ಒಂದು ಪ್ರದರ್ಶನ ಇಡುತ್ತೇವೆ, ಪ್ರತಿಯೊಬ್ಬರೂ ನಿಮ್ಮ ಮನೆಯ ಅತಿ ಹಳೇ ವಸ್ತು ತಂದು ಅದರ ಕತೆ ಒಂದು ಪುಟ ಬರೆಯಿರಿ ಅಂದರು. ಒಂದೇ ದಿನದಲ್ಲಿ ಊರಿಗೆ ಊರೇ ಹಳೆಯದಾಯಿತು. ತುಕ್ಕು ಹಿಡಿದ ಮಚ್ಚು ರಾಜರ ಕತ್ತಿಯಾಯಿತು, ಯಾರದೋ ಅಜ್ಜನ ಕೋಲಿಗೆ ಮುನ್ನೂರು ವರ್ಷವಾಯಿತು. ನಮ್ಮ ಮನೆಯಲ್ಲಿ ಹಳೆಯದೆಂದರೆ ದಾದಿ, ಅವಳನ್ನು ಮೇಜಿನ ಮೇಲೆ ಇಡಲಾಗುವುದಿಲ್ಲ. ನಾನು ಸುಮ್ಮನೆ ಕೂತಿದ್ದನ್ನು ನೋಡಿ ಪಕ್ಕದಲ್ಲಿದ್ದ ರತ್ನ ಕೇಳಿದಳು. ಅವಳು ಗೌಡರ ಮನೆಯ ಮೊಮ್ಮಗಳು, ನನ್ನ ಗೆಳತಿ, ಬಾಯಿ ಮಾತ್ರ ಗೆಳತಿಯಲ್ಲ.

“ನೀನೇನ್ ತತ್ತೀಯೇ ನೂರಿ?”

“ನೋಡ್ಬೇಕು.”

“ನಿಮ್ದು ಮೊದ್ಲು ಯಾವೂರು ಅಂತ ಕೇಳ್ಕೊಂಬಾ ಹೋಗು. ಅಲ್ಲೈತೇನೋ ಹಳೇದು.”

ಕ್ಲಾಸು ನಕ್ಕಿತು. ಟೀಚರ್ ಬೋರ್ಡಿನ ಕಡೆ ತಿರುಗಿದ್ದರು. ಆ ಹೊತ್ತಿಗೆ ನನ್ನ ಬಾಯಿಂದ ಬಂದ ಮಾತಿಗೆ ನಾನು ಜವಾಬ್ದಾರಳಲ್ಲ ಎಂದು ಇವತ್ತಿಗೂ ವಾದಿಸಬಲ್ಲೆ. ಎದ್ದು ನಿಂತು ಹೇಳಿಬಿಟ್ಟೆ:

“ಟೀಚರ್, ಊರ್ ಕೊಪ್ಪರಿಗೆ ಮೇಲೆ ನಮ್ ಮುತ್ತಾತನ ಹೆಸ್ರೈತೆ. ರತ್ನನ ಅತ್ತೆ ಮದ್ವೆಗೆ ಅದು ಬಂದಾಗ ತೋರಿಸ್ತೀನಿ.”

ಗುರುತು ಎಂದಿದ್ದ ದಾದಿಯ ಮಾತು ನನ್ನ ಬಾಯಲ್ಲಿ ಹೆಸರಾಗಿತ್ತು. ಟೀಚರ್ ಖುಷಿಯಾಗಿ ತಮ್ಮ ಪುಸ್ತಕದಲ್ಲಿ ಗುರುತು ಹಾಕಿಕೊಂಡರು. ಗೌಡರ ಮನೆ ಮದುವೆಗೆ ಇದ್ದದ್ದು ಆರೇ ದಿನ.

ಕೊಪ್ಪರಿಗೆ ನಮ್ಮ ಅಂಗಳಕ್ಕೆ ಬಂತು. ನಾನು ಅದರೊಳಗೆ ಇಳಿದು ಎಂದಿಗಿಂತ ಭಕ್ತಿಯಿಂದ ತಿರುಗಿದೆ. ಅಬ್ಬಾ ಕಲಾಯಿ ಮುಗಿಸಿ, ಬೋರಲು ಹಾಕಿ, ಇದ್ದಿಲು ತರಲು ಹೆಬ್ಬೂರಿಗೆ ಹೋದರು. ಅಮ್ಮಿ ಬಾವಿಗೆ ಹೋಗಿದ್ದಳು, ದಾದಿ ಮಧ್ಯಾಹ್ನದ ನಮಾಜಿಗೆ ಕೂತಿದ್ದಳು. ನಾನು ತೆಂಗಿನ ನಾರು, ಹುಣಸೆಹಣ್ಣು, ಬೂದಿ ಹಿಡಿದು ತಳ ತಿಕ್ಕಲು ಶುರುಮಾಡಿದೆ. ಮಸಿ ಹೋಗಿ ತಾಮ್ರದ ಕೆಂಪು ಕಂಡಿತು. ಆಮೇಲೆ, ಅಂಗೈಯಗಲದ ಜಾಗದಲ್ಲಿ, ದುಂಡಗೆ ಏಳು ಚುಕ್ಕಿ. ಅಷ್ಟೇ. ಅಕ್ಷರವಿಲ್ಲ, ಹೆಸರಿಲ್ಲ. ಇನ್ನೂ ತಿಕ್ಕಿದೆ, ಇನ್ನೂ ಏಳೇ ಚುಕ್ಕಿ. ಮುತ್ತಾತನಿಗೆ ಓದು ಬರಹ ಬರುತ್ತಿರಲಿಲ್ಲ ಎಂಬುದು ಆಗ ಹೊಳೆಯಿತು. ಅದು ಅವನ ತಪ್ಪೇ ಹೊರತು ನನ್ನದಲ್ಲ ಎಂದೂ ಹೊಳೆಯಿತು. ಏಳು ಚುಕ್ಕಿ ತೋರಿಸಿ ಇದು ನಮ್ಮ ಹೆಸರು ಅಂದರೆ ರತ್ನ ನಂಬುವವಳೇ? ಸಿಡುಬು ಅಂತಾಳೆ.

ಹಾಗಾಗಿ ನಾನು ಮುತ್ತಾತನಿಗೆ ಸಹಾಯ ಮಾಡಲು ನಿರ್ಧರಿಸಿದೆ. ಒಂದು ಮೊಳೆ, ಅಬ್ಬಾನ ಚಿಕ್ಕ ಸುತ್ತಿಗೆ. ಚುಕ್ಕಿಗಳ ಕೆಳಗೆ ಅವನ ಹೆಸರು ‘ಕಲಾಯಿ ಇಮಾಂಸಾಬ್’ ಎಂದು ಚುಕ್ಕಿಚುಕ್ಕಿಯಾಗಿ ಹೊಡೆಯುವುದು, ಮೇಲೆ ಮಸಿ ಸವರುವುದು, ಮದುವೆ ದಿನ ಎಲ್ಲರೆದುರು ಒರೆಸಿ ತೋರಿಸುವುದು. ‘ಕ’ ಚೆನ್ನಾಗಿಯೇ ಬಂತು. ಎರಡನೇ ಅಕ್ಷರದ ಮೂರನೇ ಏಟಿಗೆ ಟಣ್ ಅನ್ನಬೇಕಾದ ತಾಮ್ರ ಪುಸ್ ಅಂದಿತು. ಮೊಳೆ ಒಳಗೆ ಹೋಗಿತ್ತು. ಎಳೆದರೆ, ತೊಗರಿಕಾಳಿನಷ್ಟು ದೊಡ್ಡ ತೂತು.

ನಾಲ್ಕು ತಲೆಮಾರು ಮರಳು ಹಾಕಿ, ಕಾಲಲ್ಲಿ ತಿರುಗಿ ತಿಕ್ಕಿ ತಿಕ್ಕಿ ಆ ತಾಮ್ರ ರಟ್ಟಿನಂತಾಗಿತ್ತು. ಅದರಲ್ಲಿ ನನ್ನ ಕಾಲಿನ ಪಾಲೂ ಇತ್ತು. ಆದರೆ ಆಗ ಇಷ್ಟೆಲ್ಲ ಯೋಚಿಸುವ ಹೊತ್ತಲ್ಲ. ಗುಂಡಿಯಲ್ಲಿ ಕೆಂಡ ಇನ್ನೂ ಇತ್ತು. ತವರದ ಒಂದು ಚೂರು ಸೌಟಿನಲ್ಲಿ ಕರಗಿಸಿ ತೂತಿಗೆ ಬಿಟ್ಟೆ, ಹೆಪ್ಪುಗಟ್ಟಿತು. ಒಳಗೆ ಕಲಾಯಿಯ ಬಣ್ಣವೇ, ಹೊರಗೆ ಮತ್ತೆ ಮಸಿ ಸವರಿದೆ. ದಾದಿ ನಮಾಜು ಮುಗಿಸಿ ಬಂದಾಗ ನಾನು ಪುಸ್ತಕ ಹಿಡಿದಿದ್ದೆ. ಅದೇ ಅನುಮಾನಕ್ಕೆ ಸಾಕಿತ್ತು.

“ಏನೇ, ಮೈ ಹುಷಾರಿಲ್ವೇನೇ?”

ಕಲಾಯಿಯವರ ಮನೆಯ ಬೆಕ್ಕಿಗೂ ಗೊತ್ತಿರುವ ಸಂಗತಿ ಒಂದಿದೆ: ಪಾತ್ರೆಯಲ್ಲಿ ನೀರಿರುವ ತನಕ ತವರಕ್ಕೆ ಅಪಾಯವಿಲ್ಲ, ಬರಿದಾದ ಪಾತ್ರೆ ಉರಿಯ ಮೇಲೆ ಕೂತರೆ ಬೆಣ್ಣೆಯಂತೆ ಕರಗುತ್ತದೆ. ಇದು ನನಗೆ ನೆನಪಾಗುವ ಹೊತ್ತಿಗೆ ಕೊಪ್ಪರಿಗೆ ಬಿದಿರಿನ ಮೇಲೆ ತೂಗಾಡುತ್ತಾ ಗೌಡರ ಮನೆಯ ಕಡೆ ಹೊರಟಿತ್ತು. ಉಪ್ಪಾರಹಳ್ಳಿಯ ನನ್ನ ಈಗಿನ ಮನೆಗೆ ಬೀಗ ಹಾಕಿ ಹೊರಟರೆ ಬೀದಿಯ ತುದಿಯಿಂದ ಒಮ್ಮೆಯಾದರೂ ಹಿಂತಿರುಗಿ ಬರುತ್ತೇನೆ, ಗ್ಯಾಸ್ ಆರಿಸಿದೆನಾ ನೋಡಲು. ಆರಿಸಿರುತ್ತೇನೆ. ನೋಡಿ ಹೊರಟರೆ, ನೋಡುವಾಗ ಕೈತಾಗಿ ಮತ್ತೆ ತಿರುಗಿತೇನೋ ಎಂದು ಇನ್ನೊಂದು ಅನುಮಾನ. ನನ್ನ ಮಗ ಇದನ್ನು ಕಾಯಿಲೆ ಅನ್ನುತ್ತಾನೆ. ಕಾಯಿಲೆಯಲ್ಲ, ಕೊಪ್ಪರಿಗೆ ಹೋದಂದಿನಿಂದ ಚಪ್ಪರದ ತನಕದ ಆ ಎರಡು ದಿನಗಳಲ್ಲಿ ಕಲಿತ ಕಸುಬು.

ಚಪ್ಪರದ ದಿನ ಬೆಳಿಗ್ಗೆಯೇ ಹೋಗಿ ನಾನು ಒಲೆಯ ಬಳಿ ಕೂತೆ. ಅಡುಗೆಯ ರಂಗಣ್ಣ ಕೊಪ್ಪರಿಗೆಯನ್ನು ಉದ್ದ ಒಲೆಯ ಮೇಲೇರಿಸಿ, ಕೊಡ ಕೊಡ ನೀರು ಸುರಿದು ಬೇಳೆ ಹಾಕಿದ. ನೀರು! ಅಲ್ಲಾಹನಿಗೂ ಊರಿನ ಮಾರಮ್ಮನಿಗೂ ಒಟ್ಟಿಗೆ ಹರಕೆ ಹೊತ್ತೆ, ಯಾರ ಡ್ಯೂಟಿಯೆಂದು ಗೊತ್ತಿಲ್ಲದ್ದರಿಂದ. ಬೇಳೆ ಕುದಿಯಿತು, ತಳದಿಂದ ಒಂದು ಹನಿ ಇಳಿಯಲಿಲ್ಲ. ಟೀಚರ್ ಬಂದರು. ರತ್ನ ಹೊಸ ಲಂಗ ಹಾಕಿಕೊಂಡು ಬಂದು, “ಎಲ್ಲೇ ನಿಮ್ ಮುತ್ತಾತ?” ಅಂದಳು. “ಬೇಯ್ತಾವ್ನೆ, ತಡಿ” ಅಂದೆ. ಅಷ್ಟರಲ್ಲಿ ರಂಗಣ್ಣ ಬೆಂದ ಬೇಳೆಯನ್ನೆಲ್ಲ ಎರಡು ಹಂಡೆಗಳಿಗೆ ಬಗ್ಗಿಸಿ, ಬರೀ ಕೊಪ್ಪರಿಗೆಯನ್ನು ಮತ್ತೆ ಉರಿಯ ಮೇಲಿಟ್ಟ. ಒಗ್ಗರಣೆಗೆ. ಪಕ್ಕದಲ್ಲಿ ಎಣ್ಣೆಯ ಡಬ್ಬ ತೆರೆದಿತ್ತು. ಅವನ ತಲೆಯ ಮೇಲೆ ಒಣಗಲು ಶುರುವಾಗಿದ್ದ ತೆಂಗಿನ ಗರಿಯ ಚಪ್ಪರ. ಚಪ್ಪರದ ಕೆಳಗೆ ಅರ್ಧ ಊರು.

ನನಗೆ ಮುಂದಿನದೆಲ್ಲ ಕಂಡಿತು: ತವರ ಕರಗುವುದು, ಎಣ್ಣೆ ಉರಿಗೆ ಬೀಳುವುದು, ಉರಿ ಗರಿಗೆ ಏರುವುದು. ಸುಮ್ಮನಿದ್ದರೆ ತೂತು ಯಾರು ಮಾಡಿದ್ದೆಂದು ಯಾರಿಗೂ ತಿಳಿಯುವುದಿಲ್ಲ ಎಂಬುದೂ ಕಂಡಿತು. ಅಷ್ಟು ಹೊತ್ತು ಹಾಗೆ ಕಂಡದ್ದಕ್ಕೆ ಇವತ್ತಿಗೂ ನಾಚಿಕೆಯಾಗುತ್ತದೆ. ರಂಗಣ್ಣ ಡಬ್ಬ ಎತ್ತಿದ.

“ಎಣ್ಣೆ ಹಾಕ್ಬ್ಯಾಡಣ್ಣೋ!”

ಕೂಗು ಎಷ್ಟು ಜೋರಾಗಿತ್ತೆಂದರೆ ಓಲಗದವರೂ ನಿಲ್ಲಿಸಿದರು.

“ಯಾಕವ್ವಾ? ನಿಮ್ಮಪ್ಪ ಎಣ್ಣೆ ಅಂಗ್ಡಿ ಮಡಗವ್ನಾ?”

“ತಳದಲ್ಲಿ ತೂತೈತೆ. ನಾನೇ ಮಾಡಿದ್ದು.”

ರಂಗಣ್ಣ ನಕ್ಕು ಬಗ್ಗಿ ನೋಡಿದ. ಅದೇ ಹೊತ್ತಿಗೆ ತವರದ ಒಂದು ಬೆಳ್ಳಿ ಹನಿ ಟಪ್ಪೆಂದು ಬೂದಿಗೆ ಬಿತ್ತು, ಕೊಪ್ಪರಿಗೆಯೊಳಗೆ ಉರಿಯ ಒಂದು ಕಣ್ಣು ತೆರೆಯಿತು. ಅವನು ನಗು ನಿಲ್ಲಿಸಿ, ಡಬ್ಬವನ್ನು ಮಗುವನ್ನು ಇಳಿಸುವಂತೆ ಮೆಲ್ಲಗೆ ಕೆಳಗಿಟ್ಟ.

ಅಬ್ಬಾನನ್ನೂ ದಾದಿಯನ್ನೂ ಕರೆಸಿದರು. ಕೊಪ್ಪರಿಗೆ ಇಳಿಸಿ, ತಣ್ಣಗಾಗಿಸಿ, ಎಲ್ಲರೆದುರು ಮಗುಚಿದರು. ನಾನು ಕತೆಯನ್ನೆಲ್ಲ ಹೇಳಿದೆ, ರತ್ನ ಹೇಳಿದ ಮಾತೂ ಸೇರಿಸಿ. ಅಬ್ಬಾ ನನ್ನ ಕಡೆ ನೋಡಲೇ ಇಲ್ಲ. ಅವರ ಹೆಬ್ಬೆರಳು ಆ ಏಳು ಚುಕ್ಕಿಯ ಮೇಲೆ ಸುತ್ತುತ್ತಿತ್ತು. ಆಮೇಲೆ ಒಳಗಡೆ ಉಳಿಯಿಂದ ಮೆಲ್ಲಗೆ ಕಲಾಯಿ ಕೆರೆದರು. ತವರದ ಪದರದ ಕೆಳಗೆ, ಕೂದಲೆಳೆಯಷ್ಟು ಸಣ್ಣ, ದುಂಡನೆಯ ಗೆರೆಯೊಂದು ಕಂಡಿತು.

“ಇದು ಗುರುತಲ್ಲಮ್ಮ,” ಎಂದು ದಾದಿಗೆ ಹೇಳಿದರು, “ರಿವಿಟ್ಟು. ಇಲ್ಲೊಂದು ತೇಪೆ ಐತೆ. ನಮ್ ತಾತ ಹಾಕಿದ್ದು. ಎಂಥಾ ಕೆಲ್ಸ ನೋಡು, ಸಂದೇ ಸಿಗ್ತಿಲ್ಲ.”

ಆ ತೇಪೆಯ ಮೇಲೆ ನಾನು ಎಷ್ಟು ವರ್ಷ ನಿಂತು ತಿರುಗಿದ್ದೆನೋ, ನನ್ನ ಪಾದಕ್ಕೇ ಗೊತ್ತಾಗಿರಲಿಲ್ಲ. ಎರಡಂಗುಲ ಮೇಲೆ ಮೊಳೆ ಹೊಡೆದಿದ್ದರೆ ಅಲ್ಲಿ ತಾಮ್ರ ಎರಡು ಪದರ ಇತ್ತು, ‘ಸಾಬ್’ ತನಕ ಹೋಗಬಹುದಿತ್ತು.

ಗೌಡರ ಮನೆಯ ಯಜಮಾನಿ, ರತ್ನಳ ಅಜ್ಜಿ ಪುಟ್ಟತಾಯಮ್ಮ, ಅಲ್ಲಿಯ ತನಕ ಬಾಯಿ ಮೇಲೆ ಸೆರಗಿಟ್ಟುಕೊಂಡಿದ್ದರು. ಈಗ ಸೆರಗು ತೆಗೆದರು.

“ಏನೇ ಬೂಬಮ್ಮ, ಮೊಮ್ಮಗ್ಳನ್ನ ಹಿಂಗೇನೇ ಬೆಳ್ಸೋದು? ನನ್ ಮಗ್ಳ ಚಪ್ಪರ ಸುಟ್ಟೋಗ್ತಿತ್ತಲ್ಲೇ, ನಿನ್ ಮನೆ ಕಾಯ್ವಾಗ! ಊರ್ ಸಾಮಾನು ಅಂದ್ರೆ ನಿಮ್ಮಪ್ಪನ ಮನೆ ಬಳುವಳಿ ಅನ್ಕೊಂಡ್ಯಾ?”

ದಾದಿಗೆ ಇಂಥದು ಹೊಸದಲ್ಲ.

“ಬಯ್ಯೋದಾದ್ರೆ ನಿನ್ ಮೊಮ್ಮಗ್ಳಿಂದ ಸುರು ಮಾಡು ಪುಟ್ಟತಾಯಿ. ಯಾವೂರೋರು ನೀವು ಅಂತ ಕೇಳವ್ಳೆ, ಚಿಲ್ಟಾರಿ.”

ಪುಟ್ಟತಾಯಮ್ಮ ತಿರುಗಿ ರತ್ನಳ ಕಿವಿ ಹಿಡಿದರು.

“ಏನಂದ್ಯೇ? ಇವ್ರು ಇಲ್ಲೋರಲ್ದೆ ಇನ್ನೆಲ್ಲೋರೇ? ಹೊರಗಿಂದ ಬಂದೋಳು ನಾನ್ ಕಣೇ, ಕುಣಿಗಲ್ ಕಡೆಯಿಂದ. ನಾನ್ ಬಂದಾಗ ಇವ್ಳ ಅತ್ತೆ ತಿದಿ ಒತ್ತೋಳು. ಇದೇ ಕೊಪ್ಪರಿಗೇಲಿ ನನ್ ಮದ್ವೆ ಸಾರು ಬೆಂದಿದ್ದು!”

“ನಿನ್ಗಿಂತ ನಾನ್ ಮೊದ್ಲು ಬಂದಿದ್ದು,” ಎಂದಳು ದಾದಿ.

“ಎಲ್ ಬಂದೆ? ನಾನ್ ಹೊಸಲು ತುಳ್ದು ಎರಡು ಯುಗಾದಿ ಆಗಿತ್ತು.”

“ಸುಳ್ಳಿ! ನಿನ್ ಮದ್ವೆ ಸಾರ್ ನಾನ್ ಉಂಡಿದೀನಿ. ಉಪ್ಪಿರ್ಲಿಲ್ಲ.”

ಯಾರು ಮೊದಲು ಈ ಊರಿಗೆ ಬಂದವರು ಎಂದು ಆ ಇಬ್ಬರು ಮುದುಕಿಯರು ಮದುಮಗಳನ್ನೂ ಮರೆತು ಜಗಳಕ್ಕೆ ನಿಂತರು. ಅವರಿಬ್ಬರ ಮಧ್ಯೆ ಅಬ್ಬಾ ತಾಮ್ರದ ತುಂಡು ಕತ್ತರಿಸಿ ತೇಪೆ ಬಡಿಯುತ್ತಿದ್ದರು. ಪಾತ್ರೆಗಳೇ ಬರದ ಮೇಲೆ ತೇಪೆ ಹಾಕಿ ಅವರಿಗೆ ಎಷ್ಟು ವರ್ಷವಾಗಿತ್ತೋ. ಮುಗಿದಾಗ ಅದು ಸೊಟ್ಟಗೆ, ಒಂದು ಮೂಲೆ ಎದ್ದು, ದೋಸೆ ಹೊಯ್ಯಲು ಬಾರದವರ ಮೊದಲ ದೋಸೆಯಂತಿತ್ತು. ಅಬ್ಬಾ ಅದನ್ನೊಮ್ಮೆ, ಪಕ್ಕದ ಏಳು ಚುಕ್ಕಿಯನ್ನೊಮ್ಮೆ ನೋಡಿ ತಲೆ ತಗ್ಗಿಸಿದರು. ನನಗೆ ಬಿದ್ದ ಏಟು ಅದೊಂದೇ. ರಂಗಣ್ಣ ಭರವಸೆಗೆ ಇರಲಿ ಎಂದು, ಸಂದಿಯ ಸುತ್ತ ರಾಗಿಹಿಟ್ಟಿನ ಕಣಕ ಮೆತ್ತಿ, ಒಗ್ಗರಣೆಯನ್ನು ಬಾಣಲೆಗೆ ವರ್ಗಾಯಿಸಿದ. ಊಟ ಒಂದೂವರೆ ಗಂಟೆ ತಡವಾಯಿತು. ಬಾಳೆಲೆಯ ಮುಂದೆ ಕೂತು ನಾನು ಸಾರಿನ ರುಚಿ ನೋಡಲಿಲ್ಲ, ಒಲೆಯನ್ನೇ ನೋಡುತ್ತಿದ್ದೆ. ಸೋರಲಿಲ್ಲ.

ಸೋಮವಾರ ಪ್ರದರ್ಶನ. ಮೇಜಿನ ಮೇಲೆ ಮಚ್ಚು, ಕೋಲು, ಒನಕೆ. ನನ್ನ ಜಾಗ ಖಾಲಿ, ಕೊಪ್ಪರಿಗೆ ಚಾವಡಿಗೆ ಹೋಗಿತ್ತು. ಟೀಚರ್ ಪುಟವಾದರೂ ಓದು ಎಂದರು. ನಾನು ಬರೆದದ್ದು ನಾಲ್ಕೇ ಸಾಲು.

“ನಮ್ಮ ಊರಿನ ದೊಡ್ಡ ಕೊಪ್ಪರಿಗೆಗೆ ಎರಡು ತೇಪೆ ಇವೆ. ಒಂದನ್ನು ನಮ್ಮ ಮುತ್ತಾತ ಹಾಕಿದರು, ಅದರ ತೂತು ಯಾರು ಮಾಡಿದರೋ ಯಾರಿಗೂ ಗೊತ್ತಿಲ್ಲ. ಇನ್ನೊಂದನ್ನು ನಮ್ಮ ತಂದೆ ಹಾಕಿದರು. ಅದರ ತೂತು ನಾನು ಮಾಡಿದ್ದು.”

ಯಾರೂ ನಗಲಿಲ್ಲ. ಟೀಚರ್ ಪುಸ್ತಕ ಬಿಡಿಸಿ ಬರೆದುಕೊಳ್ಳುತ್ತಿದ್ದರು. ಆಗ ಕಿವಿ ಇನ್ನೂ ಕೆಂಪಗಿದ್ದ ರತ್ನ ಕೂತಲ್ಲಿಂದ ಎದ್ದಳು.

“ಎಣ್ಣೆ ಹಾಕ್ಬ್ಯಾಡ ಅಂತ ಕೂಗಿದ್ದೂ ಇವ್ಳೇ ಟೀಚರ್. ಅದ್ನೂ ಬರ್ಕೊಳಿ.”